ಬಣ್ಣದ ಕತ್ತೆ, ಹೊರೆ ಕತ್ತೆ

ಕತ್ತೆಯ ಬೆನ್ನ ಮೇಲೆ ಕತ್ತೆಯನ್ನು ಹೊರಿಸಿದ್ದು ಆ ಊರಿನಲ್ಲಿ ಅದೇ ಮೊದಲು.

ಹೊರಿಸಿದ ಕತ್ತೆಗಳು ಫೈಬರಿನವು. ಒಟ್ಟು ಇಪ್ಪತ್ತನಾಲ್ಕು. ಮೈಯೆಲ್ಲ ಬಿಳಿ, ಕಣ್ಣಿಲ್ಲ, ಒಳಗೆ ಟೊಳ್ಳು. ಲಾರಿಯಲ್ಲಿ ಬಂದು ನದಿ ಪಕ್ಕದ ರಸ್ತೆಯಲ್ಲಿ ಇಳಿದವು. ಅಲ್ಲಿಂದ ಮೇಲಿನ ಊರಿಗೆ ಗಾಡಿ ಹೋಗುವುದಿಲ್ಲ. ಮುನ್ನೂರ ಹನ್ನೆರಡು ಕಲ್ಲಿನ ಮೆಟ್ಟಿಲು ಹತ್ತಬೇಕು. ಮೇಲಿನವರಿಗೆ ಬೇಕಾದ ಮರಳು, ಇಟ್ಟಿಗೆ, ಸಿಮೆಂಟು, ಗ್ಯಾಸ್ ಸಿಲಿಂಡರು, ಮಂಚ, ಬೀರು ಎಲ್ಲವೂ ಕತ್ತೆಯ ಬೆನ್ನೇರಿಯೇ ಹೋಗಬೇಕು. ಕತ್ತೆ ಹೊಡೆಯುವವರು ಕೆಳಗೆ, ನದಿಗೂ ರಸ್ತೆಗೂ ನಡುವೆ ಸಿಕ್ಕಿಕೊಂಡ ಕೇರಿಯಲ್ಲಿದ್ದಾರೆ. ಹನ್ನೆರಡು ಮನೆ, ಮೂವತ್ತೊಂದು ಕತ್ತೆ.

ಆ ಕೇರಿಯ ಅಕ್ಕತಂಗಿಯರಲ್ಲಿ ಅಕ್ಕನನ್ನು ಎಲ್ಲರೂ ದೊಡ್ಡವಳು ಅನ್ನುತ್ತಿದ್ದರು. ತಂಗಿ ಚಿಕ್ಕವಳು. ದೊಡ್ಡವಳಿಗೆ ನಲವತ್ತೊಂದು. ಅವಳ ಹತ್ತಿರ ಮೂರು ಕತ್ತೆಗಳಿದ್ದವು. ಚಿಕ್ಕವಳು ಒಂಬತ್ತು ವರ್ಷಕ್ಕೆ ಕಿರಿಯಳು, ಮೇಲಿನ ಶಾಲೆಯಲ್ಲಿ ಡ್ರಾಯಿಂಗ್ ಟೀಚರು. ಅಲ್ಲೇ ಒಂದು ಬಾಡಿಗೆ ಕೋಣೆಯಲ್ಲಿದ್ದಳು. ಬಹಳ ವರ್ಷ ಹೊರಗಿನ ಊರಲ್ಲಿ ಓದಿ ಬಂದವಳು, ಕೇರಿಯವಳೆಂದು ಮೇಲೆ ಯಾರಿಗೂ ಗುರುತು ಸಿಕ್ಕಿರಲಿಲ್ಲ.

ಫೈಬರ್ ಕತ್ತೆಗಳ ಹಿಂದೆಯೇ ಕಲಾ ಸಮಿತಿಯ ಕಾರ್ಯದರ್ಶಿ ಬಂದ. ಕೇರಿಯ ಬಾಯಲ್ಲಿ ನಿಂತು ಮೂಗಿಗೆ ಕರವಸ್ತ್ರ ಹಿಡಿದೇ ಮಾತಾಡಿದ. ಈ ಊರನ್ನು ಕಟ್ಟಿದ್ದು ಕತ್ತೆ, ಆದ್ದರಿಂದ ಕತ್ತೆಗೆ ಊರಿನ ನಮನ ಸಲ್ಲಬೇಕು ಅಂದ. ಒಂದೊಂದು ಕತ್ತೆಗೂ ಒಬ್ಬೊಬ್ಬ ಕಲಾವಿದರು ಬಣ್ಣ ಹಾಕುತ್ತಾರೆ, ಮೂರು ತಿಂಗಳು ಅವು ಮೆಟ್ಟಿಲುಗಳ ಮೇಲೂ ಚೌಕದಲ್ಲೂ ನಿಲ್ಲುತ್ತವೆ, ಇದು ಇಡೀ ಸಮುದಾಯದ ಕಲೆ ಅಂದ. ಸಮುದಾಯದ ಸಭೆ ಪುರಸಭೆಯಲ್ಲಿ ನಾಲ್ಕು ಸಲ ನಡೆದಿತ್ತು. ಕೇರಿಗೆ ಯಾರೂ ಹೇಳಿರಲಿಲ್ಲ. ಈಗ ಹೊರುವುದಕ್ಕೆ ಜನ ಬೇಕಾಗಿತ್ತು, ಅದಕ್ಕೆ ಬಂದಿದ್ದ.

ಹೊತ್ತರು. ಬೊಂಬೆಯನ್ನು ಮಗುಚಿ, ನಾಲ್ಕು ಕಾಲನ್ನು ಆಕಾಶಕ್ಕೆ ಮಾಡಿ ಕಟ್ಟಬೇಕಿತ್ತು. ಭಾರ ಹೆಚ್ಚಿಲ್ಲ, ಆದರೆ ಅಗಲ. ಗೋಡೆಗೆ ತಗಲಿದರೆ ಕಾರ್ಯದರ್ಶಿ ಬಾಯಿ ಬಡಿದುಕೊಳ್ಳುತ್ತಿದ್ದ. ನಿಜವಾದ ಕತ್ತೆಯ ಮೊಣಕಾಲು ಕಲ್ಲಿಗೆ ತಗಲಿದಾಗ ಅವನು ಅತ್ತ ನೋಡಲಿಲ್ಲ. ಮೆಟ್ಟಿಲ ಮೇಲಿದ್ದ ಜನ ನಿಂತು ನಕ್ಕರು, ಫೋನಿನಲ್ಲಿ ಚಿತ್ರ ತೆಗೆದುಕೊಂಡರು. ಬೂದಿ ಎಂಬ ಹೆಸರಿನ ದೊಡ್ಡವಳ ಮುದಿ ಕತ್ತೆ ಎರಡು ಸಲ ಕತ್ತು ತಿರುಗಿಸಿ ಬೆನ್ನ ಮೇಲಿದ್ದುದನ್ನು ಮೂಸಿ ನೋಡಿತು. ವಾಸನೆ ಹತ್ತಲಿಲ್ಲ. ಮುಂದೆ ನಡೆಯಿತು.

ಕೊನೆಯ ಬೊಂಬೆ ಶಾಲೆಯ ತಿರುವಿನಲ್ಲಿ ಸಿಕ್ಕಿಹಾಕಿಕೊಂಡಿತು. ಅಲ್ಲಿ ದಾರಿ ಕಿರಿದು. ದೊಡ್ಡವಳು ಹಗ್ಗ ಬಿಚ್ಚಿ ಅದನ್ನು ತನ್ನ ಬೆನ್ನಿಗೇ ಹಾಕಿಕೊಂಡಳು. ಟೊಳ್ಳು ಹೊಟ್ಟೆಗೆ ಗಾಳಿ ತುಂಬಿ ಹಿಂದಕ್ಕೆ ಎಳೆಯುತ್ತಿತ್ತು. ಫೈಬರಿನ ಒರಟು ಅಂಚು ಕತ್ತನ್ನು ಕೊರೆಯುತ್ತಿತ್ತು. ಅದರ ಪುಡಿ ಮೈಗೆ ಹತ್ತಿ ನಾಲ್ಕು ದಿನ ತುರಿಸಿತು. ಎಪ್ಪತ್ತು ಮೆಟ್ಟಿಲು ಹಾಗೇ ಹತ್ತಿದಳು. ಬಾಗಿದ್ದರಿಂದ ಕಾಣುತ್ತಿದ್ದುದು ತನ್ನ ಪಾದ ಮಾತ್ರ. ನಾಲ್ಕನೇ ಕಟ್ಟೆ ತಲುಪಿದಾಗ ಎದುರಿಗೆ ಒಂದು ಜೊತೆ ಸ್ವಚ್ಛವಾದ ಚಪ್ಪಲಿ ಕಂಡಿತು. ಮೆಟ್ಟಿಲುಗಳ ನಡುವೆ ಸಿಗುವ ಸಮತಟ್ಟು ಜಾಗಕ್ಕೆ ಅಲ್ಲಿ ಕಟ್ಟೆ ಅನ್ನುತ್ತಾರೆ. ಅಂಥವು ಐದಿವೆ.

"ಅಲ್ಲಿ ಇಡಿ. ಸ್ವಲ್ಪ ಹುಷಾರಾಗಿ ಇಡಿ," ಎಂದಿತು ಚಪ್ಪಲಿಯ ಧ್ವನಿ.

ತಂಗಿಯ ಧ್ವನಿ. ಪಕ್ಕದಲ್ಲಿ ಕಾರ್ಯದರ್ಶಿ ಇದ್ದ, ಇಬ್ಬರು ಟೀಚರುಗಳಿದ್ದರು. ಹುಟ್ಟಿದಾಗಿನಿಂದ 'ಅಕ್ಕ, ಕೊಡು, ಬಾ, ಹೋಗು' ಅನ್ನುತ್ತಿದ್ದವಳು 'ಇಡಿ' ಅಂದಳು. ಆ ಒಂದು ಬಹುವಚನ ದೊಡ್ಡವಳ ಎದೆಗೆ ಗುದ್ದಿದಂತಾಯಿತು. ಬೈದಿದ್ದರೂ ಅಷ್ಟು ನೋಯುತ್ತಿರಲಿಲ್ಲ. ಅವಳು ಹುಷಾರಾಗಿಯೇ ಇಟ್ಟಳು. ಬೆನ್ನು ನೆಟ್ಟಗೆ ಮಾಡಿ ತಂಗಿಯ ಮುಖ ನೋಡಿದಳು. ಚಿಕ್ಕವಳು ಬೊಂಬೆಯ ಕಿವಿ ಸವರುತ್ತಿದ್ದಳು.

ಅಪ್ಪ ಸತ್ತಾಗ ದೊಡ್ಡವಳಿಗೆ ಹನ್ನೊಂದು ವರ್ಷ, ಚಿಕ್ಕವಳಿಗೆ ಎರಡು. ಅಪ್ಪ ಮೂರನೇ ಕಟ್ಟೆಯಲ್ಲಿ ಸುಧಾರಿಸಿಕೊಳ್ಳಲು ಕೂತವನು ಏಳಲಿಲ್ಲ. ಮರುದಿನದಿಂದ ಹಗ್ಗ ದೊಡ್ಡವಳ ಕೈಗೆ ಬಂತು. ಅವ್ವ ಒಂದು ಮಾತು ಹೇಳಿದಳು, ಇಬ್ಬರಲ್ಲಿ ಒಬ್ಬಳಾದರೂ ಅಕ್ಷರ ಕಲಿಯಲಿ ಎಂದು. ಯಾವೊಬ್ಬಳು ಅನ್ನುವುದನ್ನು ಯಾರೂ ಬಾಯಿಬಿಟ್ಟು ಹೇಳಬೇಕಾಗಿರಲಿಲ್ಲ. ದೀಪ ಚಿಕ್ಕವಳ ಪುಸ್ತಕದ ಹತ್ತಿರ ಹೋಯಿತು. ಹಾಲು ಚಿಕ್ಕವಳ ಲೋಟಕ್ಕೆ ಹೋಯಿತು. ದೊಡ್ಡವಳು ಅವಳನ್ನು ದಿನವೂ ಕತ್ತೆಯ ಮೇಲೆ ಕೂರಿಸಿಕೊಂಡು ಶಾಲೆಯ ಬಾಗಿಲವರೆಗೆ ಬಿಟ್ಟುಬರುತ್ತಿದ್ದಳು. ನಾಲ್ಕನೇ ಕ್ಲಾಸಿಗೆ ಬಂದಾಗ ಚಿಕ್ಕವಳು, ತಿರುವಿಗೆ ಮುಂಚೆಯೇ ಇಳಿಸು ಎಂದು ಕೇಳತೊಡಗಿದಳು. ಯಾಕೆ ಎಂದು ದೊಡ್ಡವಳು ಕೇಳಲಿಲ್ಲ. ಇಳಿಸಿದಳು.

ದೊಡ್ಡವಳಿಗೂ ಮದುವೆಯಾಗಿತ್ತು. ಗಂಡ ಎರಡು ವರ್ಷ ಬಾಳಿ, ಬೇರೆ ಊರಿಗೆ ಕೆಲಸಕ್ಕೆ ಹೋದವನು ಅಲ್ಲೇ ಇನ್ನೊಬ್ಬಳ ಜೊತೆ ಉಳಿದ. ಅದರ ಬಗ್ಗೆ ಅವಳು ಹೆಚ್ಚು ತಲೆ ಕೆಡಿಸಿಕೊಳ್ಳಲಿಲ್ಲ. ಗಂಡನ ಆ ಇನ್ನೊಬ್ಬಳ ಮೇಲೆ ಹುಟ್ಟದ ಹೊಟ್ಟೆಕಿಚ್ಚು ತಂಗಿಯ ಮೇಲೆ ಹುಟ್ಟುತ್ತಿತ್ತು. ತಂಗಿಯ ಉಗುರಿನ ಮೇಲೆ, ತಂಗಿ ಮಾತಾಡುವ ಮೊದಲು ಗಂಟಲು ಸರಿಮಾಡಿಕೊಳ್ಳುವ ರೀತಿಯ ಮೇಲೆ, ತಂಗಳು ರೊಟ್ಟಿಯನ್ನು 'ಬೇಡಕ್ಕ, ಹೊಟ್ಟೆ ತುಂಬಿದೆ' ಎಂದು ಬದಿಗೆ ಸರಿಸುವುದರ ಮೇಲೆ.

ಬಣ್ಣದ ಕೆಲಸ ಒಂದು ತಿಂಗಳು ನಡೆಯಿತು. ದೊಡ್ಡವಳು ದಿನಕ್ಕೆ ಆರು ಸಲ ಹತ್ತುತ್ತಿದ್ದಳು. ಆರು ಸಲವೂ ನಾಲ್ಕನೇ ಕಟ್ಟೆ ದಾಟಬೇಕು. ಅಲ್ಲಿ ಬೊಂಬೆಗೆ ಬಿಸಿಲು ತಾಗದಂತೆ ಬಟ್ಟೆಯ ಚಪ್ಪರ ಕಟ್ಟಿದ್ದರು. ಚಿಕ್ಕವಳಿಗೆ ಕೂರಲು ಸ್ಟೂಲು. ಎದುರು ಮನೆಯಾಕೆ ಪಿಂಗಾಣಿ ಕಪ್ಪಿನಲ್ಲಿ ಟೀ ತಂದುಕೊಡುತ್ತಿದ್ದಳು. ಅದೇ ಮನೆಗೆ ದೊಡ್ಡವಳು ಇಪ್ಪತ್ತು ವರ್ಷದಿಂದ ಸಿಲಿಂಡರು ಹೊತ್ತು ಹಾಕಿದ್ದಳು. ನೀರು ಕೇಳಿದರೆ ಮಗ್ಗಿನಿಂದ ಬೊಗಸೆಗೆ ಸುರಿಯುತ್ತಿದ್ದರು, ಮಗ್ಗು ಕೈಗೆ ಕೊಡುತ್ತಿರಲಿಲ್ಲ. ಈಗ ಚಿಕ್ಕವಳು ಬಣ್ಣದ ಕೈಯಲ್ಲೇ ಕಪ್ಪು ಹಿಡಿಯುತ್ತಿದ್ದಳು. ಕಪ್ಪಿಗೆ ಹಸಿರು ಅಂಟುತ್ತಿತ್ತು, ನೀಲಿ ಅಂಟುತ್ತಿತ್ತು. ಆ ಮನೆಯಾಕೆ ನಗುತ್ತಿದ್ದಳು. ಬಣ್ಣವೂ ಕೊಳೆಯೇ ಅಲ್ಲವೇ ಎಂದು ದೊಡ್ಡವಳು ಯೋಚಿಸಿದಳು. ಆ ಕೊಳೆಗೆ ಯಾಕೆ ಯಾರೂ ಹಿಂದೆ ಸರಿಯುವುದಿಲ್ಲ?

ಮೂರನೇ ವಾರ ಬೊಂಬೆಯ ಬೆನ್ನ ಮೇಲೆ ಒಂದು ಚಿತ್ತಾರ ಎದ್ದಿತು. ಕೆಂಪು ಗೆರೆ, ಅದರೊಳಗೆ ಕಣ್ಣಿನ ಆಕಾರ, ಸುತ್ತ ಸಣ್ಣ ಸಣ್ಣ ಹೊಲಿಗೆ. ದೊಡ್ಡವಳು ಹೊರೆ ಕತ್ತೆಯ ಹಿಂದೆ ನಿಂತುಬಿಟ್ಟಳು. ಅದು ಅವಳ ಗಾದಿ. ಕತ್ತೆಯ ಬೆನ್ನು ಹುಣ್ಣಾಗದಂತೆ ಹೊರೆಯ ಕೆಳಗೆ ಹಾಕುವ ಗಾದಿ. ಹಳೆ ಬಟ್ಟೆಯ ಪದರ ಸೇರಿಸಿ, ದಬ್ಬಣ ಹಿಡಿದು, ಹೆಬ್ಬೆರಳಿನ ತುದಿ ಒಡೆಯುವವರೆಗೆ ಹೊಲಿದದ್ದು. ಕೇರಿಯ ಒಂದೊಂದು ಮನೆಗೂ ಒಂದೊಂದು ಗುರುತು. ಮೆಟ್ಟಿಲ ಮೇಲೆ ಕತ್ತೆಗಳು ಕಲೆತುಹೋದರೆ ಯಾರದು ಯಾವುದು ಎಂದು ತಿಳಿಯಲಿ ಎಂದು ಹಾಗೆ ಮಾಡುತ್ತಿದ್ದರು. ಹಿಂದಿನ ತಿಂಗಳು ಚಿಕ್ಕವಳು ಮನೆಗೆ ಬಂದವಳು, ಮಕ್ಕಳಿಗೆ ತೋರಿಸುತ್ತೇನೆ ಎಂದು ಹಳೆಯ ಗಾದಿಯೊಂದನ್ನು ಒಯ್ದಿದ್ದಳು.

ಅದನ್ನೂ ಸರಿಯಾಗಿ ಬರೆದಿರಲಿಲ್ಲ. ಅವರ ಮನೆಯ ಕಣ್ಣಿಗೆ ಐದು ಹೊಲಿಗೆ. ಚಿಕ್ಕವಳು ಏಳು ಹಾಕಿದ್ದಳು. ಏಳು ಹೊಲಿಗೆ ಪಕ್ಕದ ಮನೆಯವರದು.

ಆ ಸಂಜೆ ಅವ್ವ ಕೇಳಿದಳು, ಕೂಸು ಬರೆದದ್ದು ಹೇಗಿದೆ ಎಂದು. ಅವ್ವನಿಗೆ ಕಣ್ಣು ಮಂಜು, ಮೆಟ್ಟಿಲು ಹತ್ತಿ ಏಳು ವರ್ಷವಾಗಿತ್ತು. ದೊಡ್ಡವಳು, ಬಣ್ಣ ಬಳಿದಿದ್ದಾಳೆ ಅಷ್ಟೆ ಅಂದಳು. ಅವ್ವ ಮಂಜು ಕಣ್ಣನ್ನು ಮಗಳತ್ತ ತಿರುಗಿಸಿದಳು.

"ಹೊಟ್ಟೆ ಉರೀತಾ ಇದೆಯಾ?"

"ಉರೀತಾ ಇದೆ," ಅಂದಳು ದೊಡ್ಡವಳು.

"ಸುಳ್ಳು ಹೇಳಲಿಲ್ವಲ್ಲ," ಎಂದು ಅವ್ವ ಮಗ್ಗುಲಾದಳು.

ಬಣ್ಣ ಮುಗಿದ ಮರುದಿನ ಮೆಟ್ಟಿಲಿನ ಬುಡದಲ್ಲಿ ಒಂದು ಬೋರ್ಡು ಬಂತು. ಜೊತೆಗೊಬ್ಬ ಕಾವಲುಗಾರ. ಬೋರ್ಡನ್ನು ಅವನೇ ಓದಿ ಹೇಳಿದ. ಪ್ರದರ್ಶನ ಮುಗಿಯುವವರೆಗೆ ಕತ್ತೆಗಳು ಮೆಟ್ಟಿಲು ಹತ್ತುವಂತಿಲ್ಲ. ಲದ್ದಿ ಹಾಕುತ್ತವೆ, ಹೊರಗಿನಿಂದ ನೋಡಲು ಬರುವವರಿಗೆ ಅಸಹ್ಯ. ಕತ್ತೆಯವರು ಹಿಂದಿನ ದಾರಿ ಹಿಡಿಯಬೇಕು.

ಯಾವ ಕತ್ತೆಗಳು ಎಂದು ಕೇರಿಯ ಮುದುಕನೊಬ್ಬ ಕೇಳಿದ. ಕಾವಲುಗಾರ ತಬ್ಬಿಬ್ಬಾದ. ಆಮೇಲೆ, ಜೀವ ಇರೋವು ಅಂದ.

ಹಿಂದಿನ ದಾರಿ ಅಂದರೆ ಚರಂಡಿಯ ದಾರಿ. ಮೇಲಿನ ಮನೆಗಳ ಹಿತ್ತಲಿನ ನೀರೆಲ್ಲ ಹರಿದುಬರುವ ಇಳಿಜಾರು. ಮೆಟ್ಟಿಲಿಲ್ಲ, ಪಾಚಿಗಟ್ಟಿದ ಕಲ್ಲು. ಎರಡರಷ್ಟು ದೂರ. ಆರು ಸಲ ಹತ್ತುತ್ತಿದ್ದವಳು ಮೂರು ಸಲ ಹತ್ತುವಷ್ಟರಲ್ಲಿ ಹೊತ್ತು ಮುಳುಗುತ್ತಿತ್ತು. ಜಾರುವ ಕಡೆ ದೊಡ್ಡವಳು ಕತ್ತೆಯ ಹಿಂದೆ ನಿಂತು ಭುಜ ಕೊಟ್ಟು ತಳ್ಳುತ್ತಿದ್ದಳು. ಮುಖದ ಮೇಲೆ ಬಾಲ, ಕಾಲಡಿ ಸೋಪಿನ ನೀರು. ಎರಡನೇ ವಾರ ಬೂದಿ ಜಾರಿ ಬಿತ್ತು. ಎರಡು ಮೂಟೆ ಮರಳಿನ ಜೊತೆ ಬಿದ್ದು ಮುಂಗಾಲಿನ ಮಂಡಿ ಕಿತ್ತುಹೋಯಿತು. ಮೂಳೆ ಬೆಳ್ಳಗೆ ಕಂಡಿತು. ಕೇರಿಯವರು ಸೇರಿ ಅದನ್ನು ಇಳಿಸಿದರು. ಅರಿಶಿನ, ಬೇವಿನ ಸೊಪ್ಪು, ಬಟ್ಟೆಯ ಪಟ್ಟಿ, ಗೊತ್ತಿದ್ದುದನ್ನೆಲ್ಲ ಕಟ್ಟಿದರು. ಅದು ಒಂಬತ್ತು ದಿನ ನಿಂತೇ ಇತ್ತು. ಹತ್ತನೇ ದಿನ ಮಲಗಿತು. ಮತ್ತೆ ಏಳಲಿಲ್ಲ.

ಅದು ಸತ್ತ ದಿನವೂ ದೊಡ್ಡವಳು ಕೆಲಸಕ್ಕೆ ಹೋದಳು. ಚರಂಡಿ ದಾರಿಯ ಒಂದು ಸಂದಿನಿಂದ ನಾಲ್ಕನೇ ಕಟ್ಟೆ ಕಾಣುತ್ತದೆ. ಅಲ್ಲಿ ಇಬ್ಬರು ಪೈಪು ಹಿಡಿದು ಬಣ್ಣದ ಕತ್ತೆಗೆ ಸ್ನಾನ ಮಾಡಿಸುತ್ತಿದ್ದರು. ಕಟ್ಟೆಯ ನಲ್ಲಿಯ ಕುಡಿಯುವ ನೀರು. ಆ ನಲ್ಲಿಯಲ್ಲಿ ಕತ್ತೆಗೆ ನೀರು ಕುಡಿಸಿದ್ದಕ್ಕೆ ಅವಳ ಅಪ್ಪ ಒಂದು ಸಲ ಏಟು ತಿಂದಿದ್ದ. ಒಬ್ಬ ಮೆತ್ತನೆಯ ಬಟ್ಟೆಯಿಂದ ಬೊಂಬೆಯ ಮಂಡಿ ಒರೆಸಿದ. ದೊಡ್ಡವಳು ಅಲ್ಲೇ ನಿಂತು ನೋಡಿದಳು. ಮನುಷ್ಯರ ಮೇಲೆ ಹೊಟ್ಟೆಕಿಚ್ಚು ಪಟ್ಟದ್ದು ಅವಳಿಗೆ ಗೊತ್ತಿತ್ತು. ಒಂದು ಟೊಳ್ಳು ಬೊಂಬೆಯ ಮೇಲೆ ಪಡುತ್ತೇನೆಂದು ಅಂದುಕೊಂಡಿರಲಿಲ್ಲ. ಕಲ್ಲು ಎತ್ತಿ ಹೊಡೆಯಬೇಕು ಅನ್ನಿಸಿತು. ಕೈಯಲ್ಲಿ ಕತ್ತೆಯ ಹಗ್ಗವಿತ್ತು, ಬಿಡುವಂತಿರಲಿಲ್ಲ.

ಚಿಕ್ಕವಳ ಕತ್ತೆಗೆ ಕಲಾ ಸಮಿತಿಯ ಮೊದಲ ಬಹುಮಾನ ಬಂತು.

ಬಹುಮಾನ ಕೊಡುವ ಹಿಂದಿನ ದಿನ ಕಾರ್ಯದರ್ಶಿ ಮತ್ತೆ ಕೇರಿಗೆ ಬಂದ. ಅತಿಥಿಗಳಿಗೆ ಒಂದು ನಿಜವಾದ ಕತ್ತೆಯ ಪಕ್ಕ ನಿಂತು ಫೋಟೊ ತೆಗೆಸಿಕೊಳ್ಳುವ ಆಸೆಯಂತೆ. ದೊಡ್ಡವಳ ಎರಡನೇ ಕತ್ತೆ ನೋಡಲು ಚೆಂದವಿದೆ, ತೊಳೆದು ತಾ ಅಂದ. ಅವಳು ಒಗೆದ ಬಟ್ಟೆ ಹಾಕಿಕೊಂಡು ಬರಬೇಕು, ಮಾತಾಡಬಾರದು. ಹೇಗೆ ಬರಲಿ ಎಂದು ಅವಳು ಕೇಳಿದಳು. ಚರಂಡಿಯಲ್ಲಿ ಬಂದರೆ ತೊಳೆದದ್ದು ದಂಡ ಎಂದು ಅವನಿಗೂ ಹೊಳೆಯಿತು. ನಾಳೆ ಒಂದು ದಿನ ಮೆಟ್ಟಿಲಲ್ಲಿ ಬಾ, ಪರವಾಗಿಲ್ಲ ಅಂದ.

ಹೋಗಬೇಡ ಎಂದು ಕೇರಿಯ ಹೆಂಗಸರು ಹೇಳಿದರು. ಅವಳು ಹೋದಳು. ಕಾರಣ ಬೇರೇನಿಲ್ಲ. ತಂಗಿ ಬಹುಮಾನ ತೆಗೆದುಕೊಳ್ಳುವುದನ್ನು ಕಣ್ಣಾರೆ ನೋಡಿ ಇನ್ನಷ್ಟು ಉರಿದುಕೊಳ್ಳಬೇಕಿತ್ತು. ಹಲ್ಲು ನೋಯುವಾಗ ನಾಲಿಗೆ ಅಲ್ಲಿಗೇ ಹೋಗುತ್ತದಲ್ಲ, ಹಾಗೆ.

ಚೌಕದಲ್ಲಿ ವೇದಿಕೆ ಹಾಕಿದ್ದರು. ದೊಡ್ಡವಳನ್ನು ಮೂಲೆಯ ಕಂಬದ ಹತ್ತಿರ ನಿಲ್ಲಿಸಿದರು. ಮುಖ್ಯ ಅತಿಥಿ ಬಂದು ಕತ್ತೆಯ ಕತ್ತಿನ ಮೇಲೆ ಎರಡು ಬೆರಳಿಟ್ಟು ಫೋಟೊ ತೆಗೆಸಿಕೊಂಡ. ದೊಡ್ಡವಳಿಗೆ ಸ್ವಲ್ಪ ಆ ಕಡೆ ಸರಿಯಲು ಹೇಳಿದರು. ಸರಿದಳು. ಆಮೇಲೆ ಚಿಕ್ಕವಳನ್ನು ಕರೆದರು. ಚಪ್ಪಾಳೆ ಬಿತ್ತು. ಈ ಚಿತ್ತಾರ ಹೇಗೆ ಹೊಳೆಯಿತು ಎಂದು ಅತಿಥಿ ಮೈಕಿನಲ್ಲಿ ಕೇಳಿದ. ಚಿಕ್ಕವಳು ಗಂಟಲು ಸರಿಮಾಡಿಕೊಂಡಳು.

"ಚಿಕ್ಕಂದಿನಲ್ಲಿ ನಮ್ಮ ಮನೆಯ ಕಿಟಕಿಯಿಂದ ನೋಡ್ತಾ ಇದ್ದೆ," ಅಂದಳು. "ಕತ್ತೆಗಳು ಹೋಗ್ತಾ ಇದ್ವು. ಬೆನ್ನ ಮೇಲೆ ಏನೋ ಬಣ್ಣದ ಬಟ್ಟೆ ಇರ್ತಿತ್ತು. ಅದನ್ನೇ ನನ್ನ ಕಲ್ಪನೆಯಲ್ಲಿ ಬೆಳೆಸಿದೆ."

ಏನೋ ಬಣ್ಣದ ಬಟ್ಟೆ. ದೊಡ್ಡವಳ ಕತ್ತೆಯ ಬೆನ್ನ ಮೇಲೆ ಅದೇ ಗಾದಿ ಇತ್ತು. ಬಾಯಿ ತೆರೆದರೆ ಸಾಕಿತ್ತು. ಇಡೀ ಚೌಕ ತಿರುಗಿ ನೋಡುತ್ತಿತ್ತು. ಮಾತು ನಾಲಿಗೆಯ ತುದಿಗೆ ಬಂದು ಕೂತಿತು. ಆದರೆ ಹೊರಗೆ ಬಿಡಲಿಲ್ಲ. ಪ್ರೀತಿಯಿಂದ ಅಲ್ಲ. ತಂಗಿಯನ್ನು ತಂಗಿ ಎಂದು ತಾನೇ ಮೊದಲು ಹೇಳಿಕೊಂಡು, ಅವಳು ಇಲ್ಲ ಅಂದುಬಿಟ್ಟರೆ? ಆ ಭಿಕ್ಷೆ ಅವಳಿಗೆ ಬೇಕಿರಲಿಲ್ಲ.

ಸಮಾರಂಭ ಮುಗಿಯಿತು. ಕಾರ್ಯದರ್ಶಿ ಬಂದು, ಬಂದ ಕೆಲಸ ಆಯಿತಲ್ಲ, ಬೇಗ ಹೊರಡು ಅಂದ. ಅತಿಥಿಗಳು ಮೆಟ್ಟಿಲಲ್ಲಿ ಇಳಿಯುತ್ತಾರೆ, ನೀನು ಹಿಂದಿನ ದಾರಿಯಲ್ಲಿ ಹೋಗು ಎಂದು ಕೈ ತೋರಿಸಿದ.

"ಹೋಗಲ್ಲ," ಅಂದಳು ದೊಡ್ಡವಳು.

ಅವನಿಗೆ ಕೇಳಿಸಲಿಲ್ಲವೋ, ಕೇಳಿಸಿದ್ದನ್ನು ನಂಬಲಿಲ್ಲವೋ. ಏನು ಅಂದ.

"ಹೋಗಲ್ಲ. ಆ ದಾರೀಲಿ ನನ್ನ ಕತ್ತೆ ಸತ್ತಿದೆ. ನಾನು ಮೆಟ್ಟಿಲಲ್ಲೇ ಇಳೀತೀನಿ."

"ಇವತ್ತು ಗಲಾಟೆ ಮಾಡಬೇಡ. ನಾಳೆ ಮಾತಾಡೋಣ."

"ಈ ಮೆಟ್ಟಿಲ ಕಲ್ಲು ಯಾರು ಹೊತ್ತದ್ದು, ಸ್ವಾಮಿ? ನಿಮ್ಮ ಬೊಂಬೆಗಳಾ? ಅವಕ್ಕೆ ನಮನ, ನಮಗೆ ಚರಂಡಿ. ನಾನು ಇಳೀತೀನಿ. ಬೇಕಾದರೆ ತಡೀರಿ."

ಅವನು ಕೈಯಲ್ಲಿದ್ದ ಕೊಡೆಯಿಂದ ಕತ್ತೆಯ ಮುಖಕ್ಕೆ ಬೀಸಿದ. ಕತ್ತೆ ಹಿಂದೆ ಸರಿಯಿತು, ಅಲ್ಲೇ ಲದ್ದಿ ಹಾಕಿತು. ವೇದಿಕೆಯವರೆಗೆ ಹಾಸಿದ್ದ ಕೆಂಪು ಹಾಸಿನ ಮೇಲೆ. ಯಾರೋ ಮುಸುಮುಸು ನಕ್ಕರು. ದೊಡ್ಡವಳು ಕೊಡೆಯನ್ನು ಅವನ ಕೈಯಿಂದ ಕಿತ್ತುಕೊಂಡು ಪಕ್ಕಕ್ಕೆ ಇಟ್ಟಳು. ಎಸೆಯಲಿಲ್ಲ, ಮುರಿಯಲಿಲ್ಲ. ಆಮೇಲೆ ಹಗ್ಗ ಎಳೆದುಕೊಂಡು ಮೆಟ್ಟಿಲಿನ ನಟ್ಟನಡುವೆ ಇಳಿಯತೊಡಗಿದಳು. ಇಷ್ಟು ವರ್ಷ ಅವಳು ಗೋಡೆಗೆ ಒತ್ತಿಕೊಂಡು ಇಳಿದಿದ್ದಳು. ಇವತ್ತು ಅತಿಥಿಗಳು ಗೋಡೆಗೆ ಒತ್ತಿಕೊಂಡರು. ಅವಳು ತಿರುಗಿ ನೋಡಲಿಲ್ಲ. ಬೆನ್ನಿಗೆ ತಂಗಿಯ ಕಣ್ಣು ನೆಟ್ಟಿರುವುದು ಮಾತ್ರ ಗೊತ್ತಾಗುತ್ತಿತ್ತು.

ಅವಳು ಕೇರಿ ಮುಟ್ಟುವ ಮೊದಲೇ ಸುದ್ದಿ ಮುಟ್ಟಿತ್ತು. ಹನ್ನೆರಡು ಮನೆಯವರೂ ಸೇರಿ ಒಂದೇ ಮಾತಿಗೆ ಬಂದರು. ನಾಳೆ ಎಲ್ಲ ಕತ್ತೆಗಳೂ ಹೊರೆಯ ಸಮೇತ ಮೆಟ್ಟಿಲಲ್ಲೇ ಹತ್ತುತ್ತವೆ.

ಹೊತ್ತು ಇಳಿಯುವ ಮುಂಚೆ ಚಿಕ್ಕವಳು ಬಂದಳು. ಬಾಗಿಲಲ್ಲೇ ನಿಂತು, ಎಲ್ಲರ ಮುಂದೆ ಯಾಕೆ ಹಾಗೆ ಮಾಡಿದೆ ಎಂದು ಕೇಳಿದಳು. ಹಾಗೆ ಅಂದರೆ ಹೇಗೆ ಎಂದು ದೊಡ್ಡವಳು ತಿರುಗಿ ಕೇಳಿದಳು. ನಾಳೆ ಹತ್ತಿದರೆ ಪೊಲೀಸರು ಬರುತ್ತಾರೆ, ಸುಮ್ಮನಿರು ಎಂದು ಚಿಕ್ಕವಳು ಬೇಡಿಕೊಂಡಳು. ದೊಡ್ಡವಳು ಮಸಿ ಹಿಡಿದ ಗೋಡೆಗಳನ್ನು ಸುತ್ತ ನೋಡಿದಳು. ಒಂದೇ ಕೋಣೆ. ಒಂದು ಬಾಗಿಲು. ಒಲೆಯ ಮೇಲೆ ಹೊಗೆ ಹೋಗಲಿ ಎಂದು ತೆಗೆದ ಎರಡು ಇಟ್ಟಿಗೆಯ ತೂತು.

"ಯಾವ ಕಿಟಕಿಯಿಂದ ನೋಡ್ತಾ ಇದ್ದೆ, ತೋರಿಸು," ಅಂದಳು.

ಚಿಕ್ಕವಳು ತಲೆ ತಗ್ಗಿಸಿದಳು.

"ಅದರಲ್ಲೂ ಏಳು ಹೊಲಿಗೆ ಹಾಕಿದ್ದೀಯ. ಏಳು ನಮ್ಮದಾ? ನನ್ನ ಕೈಕೆಲಸ ಕದ್ದೆ, ಹೋಗಲಿ. ಕದಿಯೋದನ್ನಾದರೂ ನೆಟ್ಟಗೆ ಕದಿಯಬಾರದಾ?"

"ನಾನು ಕೇರಿಯವಳು ಅಂದರೆ ನನಗೆ ಬೊಂಬೆ ಕೊಡ್ತಿದ್ರಾ, ಅಕ್ಕ? ಅವರ ಮಕ್ಕಳ ಕೈ ಹಿಡಿದು ಬರೆಸೋಕೆ ಬಿಡ್ತಿದ್ರಾ? ದಿನಾ ಎರಡು ಸಲ ಸ್ನಾನ ಮಾಡ್ತೀನಿ. ಯಾರಾದರೂ ಮೂಗು ಏರಿಸಿದರೆ ಎದೆ ಹಾರತ್ತೆ. ನೀನು ನಾಳೆ ಬಾಯಿ ಬಿಟ್ಟರೆ ನನ್ನ ಕತೆ ಮುಗೀತು."

"ನಾನು ಬಾಯಿ ಬಿಡಲ್ಲ. ನಿನ್ನ ಹೆಸರು ಎತ್ತೋದಕ್ಕೂ ನನಗೆ ಹೇಸಿಗೆ. ನಿನ್ನನ್ನ ಕಂಡರೆ ನನಗೆ ಹೊಟ್ಟೆಕಿಚ್ಚು, ತಿಳ್ಕೋ. ಚಿಕ್ಕಂದಿನಿಂದ."

ಚಿಕ್ಕವಳು ಅಳಲು ಶುರುಮಾಡಿದಳು. ಅಳುತ್ತಲೇ ಒಂದು ಮಾತು ಹೇಳಿದಳು. "ಅಪ್ಪನ ಮುಖ ನಿನಗೆ ನೆನಪಿದೆ. ನನಗಿಲ್ಲ. ನನಗೂ ನಿನ್ನ ಮೇಲೆ ಇದೆ ಹೊಟ್ಟೆಕಿಚ್ಚು."

ದೊಡ್ಡವಳಿಗೆ ಇನ್ನಷ್ಟು ಸಿಟ್ಟು ಬಂತು. ಮೂಲೆಯಿಂದ ಅವ್ವ, ಇಬ್ಬರೂ ಬಾಯಿ ಮುಚ್ಚಿ, ಅವಳಿಗೆ ರೊಟ್ಟಿ ಕೊಡು ಅಂದಳು. ದೊಡ್ಡವಳು ತಟ್ಟೆಯನ್ನು ನೆಲಕ್ಕೆ ಕುಕ್ಕಿದಳು. ಚಿಕ್ಕವಳು ಆ ದಿನ ರೊಟ್ಟಿ ಬೇಡ ಅನ್ನಲಿಲ್ಲ. ತಿಂದು, ತಟ್ಟೆ ತೊಳೆದಿಟ್ಟು ಹೊರಟಳು. ದೊಡ್ಡವಳು ಹಿಂದಿನಿಂದ ಕೂಗಿ ಹೇಳಿದಳು, ಬೆಳಿಗ್ಗೆ ಏಳಕ್ಕೆ ಹತ್ತುತ್ತೇವೆ, ಬಂದರೆ ಬಾ, ಬರದಿದ್ದರೆ ಶಾಲೆಯ ಕಿಟಕಿಯಿಂದ ನೋಡು, ಅಲ್ಲಾದರೂ ಕಿಟಕಿ ಇದೆ.

ಬೆಳಿಗ್ಗೆ ಏಳಕ್ಕೆ ಹತ್ತಿದರು. ಬೂದಿ ಹೋದಮೇಲೆ ಮೂವತ್ತು ಕತ್ತೆಗಳು. ಎಲ್ಲದರ ಮೇಲೂ ಎರಡೆರಡು ಮೂಟೆ ಮರಳು. ಎಲ್ಲಕ್ಕಿಂತ ಮುಂದೆ ದೊಡ್ಡವಳು. ಬುಡದಲ್ಲಿದ್ದ ಕಾವಲುಗಾರ ಬೋರ್ಡು ತೋರಿಸಿದ. ಓದೋಕೆ ಬರಲ್ಲ ಎಂದು ಹೇಳಿ ಅವಳು ದಾಟಿದಳು. ಅವನು ಅಡ್ಡ ಬರಲಿಲ್ಲ. ಹಿಂದಿನ ಕತ್ತೆಗಳಿಗೆ ದಾರಿ ಬಿಟ್ಟು ನಿಂತ. ಒಂದು ಮೂಟೆ ಜಾರುತ್ತಿದ್ದುದನ್ನು ಕಂಡು ಕೈ ಕೊಟ್ಟ ಎಂದೂ ಆಮೇಲೆ ಕೇರಿಯವರು ಹೇಳಿದರು.

ಎರಡನೇ ಕಟ್ಟೆಯಲ್ಲಿ ಕಾರ್ಯದರ್ಶಿ ನಿಂತಿದ್ದ. ಇಬ್ಬರು ಪೊಲೀಸರು ಲಾಠಿ ಅಡ್ಡ ಹಿಡಿದಿದ್ದರು. ನಿಲ್ಲಿ ಎಂದರು. ಹೊರೆ ಹೊತ್ತ ಕತ್ತೆ ಮೆಟ್ಟಿಲ ಮಧ್ಯೆ ನಿಲ್ಲಲಾರದು. ನಿಂತರೆ ಮಂಡಿ ಸೋತು ಹಿಂದಕ್ಕೆ ಉರುಳುತ್ತದೆ, ತನ್ನ ಹಿಂದಿನ ಕತ್ತೆಯನ್ನೂ ಮನುಷ್ಯರನ್ನೂ ಕೆಡವುತ್ತದೆ. ಆ ಕೇರಿಯ ಎಲ್ಲರಿಗೂ ಇದು ಗೊತ್ತು, ಪೊಲೀಸರಿಗೆ ಗೊತ್ತಿರಲಿಲ್ಲ. ದೊಡ್ಡವಳು ಹೆಜ್ಜೆ ನಿಲ್ಲಿಸದೆ ಬಂದಳು. ಒಬ್ಬ ಪೊಲೀಸ್ ಅವಳ ಎದೆಗೆ ಲಾಠಿ ಒತ್ತಿದ. ಅವಳು ಲಾಠಿಯ ಮೇಲೆ ಭಾರ ಬಿಟ್ಟು ಮುಂದೆ ನೂಕಿದಳು. ಮೂವತ್ತು ವರ್ಷ ಕತ್ತೆಗೆ ಭುಜ ಕೊಟ್ಟು ತಳ್ಳಿದ ಮೈ. ಪೊಲೀಸ್ ಒಂದು ಹೆಜ್ಜೆ ಹಿಂದೆ ಹೋದ. ಇನ್ನೊಬ್ಬ ಲಾಠಿ ಎತ್ತಿದ.

"ಅವಳಿಗೆ ಹೊಡೀಬೇಡಿ."

ಚಿಕ್ಕವಳು. ಎಲ್ಲಿಂದ ಬಂದಳೋ, ಯಾವಾಗ ಸೇರಿಕೊಂಡಳೋ ಯಾರಿಗೂ ತಿಳಿಯಲಿಲ್ಲ. ದೊಡ್ಡವಳಿಗಿಂತ ಮೂರು ಮೆಟ್ಟಿಲು ಹಿಂದೆ, ಮೊದಲ ಕತ್ತೆಯ ಕಿವಿಯ ಪಕ್ಕ ನಿಂತಿದ್ದಳು. ಶಾಲೆಗೆ ಹೋಗುವ ಬಟ್ಟೆ. ಕೈಯಲ್ಲಿ ಕತ್ತೆಯ ಹಗ್ಗ. ಹಗ್ಗ ಹಿಡಿದ ರೀತಿ ತಪ್ಪಾಗಿತ್ತು, ಅಂಗೈ ಆಗಲೇ ಕೆಂಪಾಗಿತ್ತು.

"ಮೇಡಂ, ನೀವು ಇಲ್ಲಿ?" ಎಂದ ಕಾರ್ಯದರ್ಶಿ.

ಚಿಕ್ಕವಳು ಹಗ್ಗ ಬಿಡಲಿಲ್ಲ. ಈ ಸಲ ಗಂಟಲು ಸರಿಮಾಡಿಕೊಳ್ಳಲಿಲ್ಲ. "ನಾನು ಈ ಕೇರಿಯವಳು. ಇವಳು ನನ್ನ ಅಕ್ಕ. ಆ ಚಿತ್ತಾರ ಇವಳದು."

ಲಾಠಿ ಎತ್ತಿದವನು ಕಾರ್ಯದರ್ಶಿಯ ಮುಖ ನೋಡಿದ. ಕಾರ್ಯದರ್ಶಿ ಚಿಕ್ಕವಳ ಮುಖ ನೋಡುತ್ತಿದ್ದ. ಆ ಗಳಿಗೆಯಲ್ಲಿ ಹಿಂದಿನ ಕತ್ತೆಗಳು ಬಂದು ಮುಂದಿನವನ್ನು ತಳ್ಳಿದವು. ಪೊಲೀಸರು ಗೋಡೆಗೆ ಹಾರಿದರು. ಸಾಲು ದಾಟಿತು. ಎರಡನೇ ಕಟ್ಟೆ, ಮೂರನೇ ಕಟ್ಟೆ, ನಾಲ್ಕನೇ ಕಟ್ಟೆ. ಬಣ್ಣದ ಕತ್ತೆಗಳ ಪಕ್ಕದಲ್ಲೇ ಹಾದರು. ಯಾರೂ ಅವನ್ನು ಮುಟ್ಟಲಿಲ್ಲ, ಕೆಡವಲಿಲ್ಲ. ನಿಜವಾದ ಕತ್ತೆಗಳು ಅವನ್ನು ನೋಡಲೂ ಇಲ್ಲ. ಐದನೇ ಕಟ್ಟೆಯಲ್ಲಿ ದೊಡ್ಡವಳು ತಂಗಿಗೆ ಒಂದೇ ಮಾತು ಹೇಳಿದಳು, ಹಗ್ಗವನ್ನು ಕೈಗೆ ಸುತ್ತಿಕೊಳ್ಳಬೇಡ, ಬೆರಳು ಹೋಗುತ್ತದೆ ಎಂದು.

ನಾಲ್ಕು ದಿನ ಹೀಗೇ ಹತ್ತಿದರು. ಐದನೇ ದಿನ ಬೋರ್ಡು ಮಾಯವಾಯಿತು. ಸತ್ತ ಕತ್ತೆಯ ಬಗ್ಗೆ ಯಾರೂ ಕೇಳಲಿಲ್ಲ. ಚಿಕ್ಕವಳಿಗೆ ಶಾಲೆಯಿಂದ ಕಾರಣ ಕೇಳಿ ನೋಟಿಸು ಬಂತು. ಕೋಣೆಯ ಮಾಲೀಕ, ಬೇರೆ ಕಡೆ ನೋಡಿಕೊಳ್ಳಿ ಅಂದ. ಅವಳು ಎರಡು ಪೆಟ್ಟಿಗೆ ತಂದಿಟ್ಟು ಅವ್ವನ ಪಕ್ಕ ಚಾಪೆ ಹಾಸಿಕೊಂಡಳು.

ಆ ವಾರವೇ ಪತ್ರಿಕೆಯಲ್ಲಿ ಸುದ್ದಿ ಬಂತು. ಕಾವಲುಗಾರ ಓದಿ ಹೇಳಿದ. 'ಕಲಾವಿದೆಯ ನೇತೃತ್ವದಲ್ಲಿ ಕತ್ತೆಗಳ ಪ್ರತಿಭಟನೆ' ಎಂದು ದೊಡ್ಡ ಅಕ್ಷರ. ಅದರ ಕೆಳಗೆ ಫೋಟೊ. ಫೋಟೊ ತುಂಬ ಚಿಕ್ಕವಳ ಮುಖ. ಅಂಚಿನಲ್ಲಿ ಒಂದು ಕೈ, ಮೊಣಕೈಯವರೆಗೆ. ಅದು ತನ್ನ ಕೈ ಎಂದು ದೊಡ್ಡವಳಿಗೆ ಉಗುರು ನೋಡಿ ತಿಳಿಯಿತು.

ಹೊಟ್ಟೆ ಮತ್ತೆ ಹೊತ್ತಿಕೊಂಡಿತು. ಆರಿತೆಂದುಕೊಂಡಿದ್ದಳು. ನಾನು ಹಾಗೆ ಹೇಳಲಿಲ್ಲ ಅಕ್ಕ, ಅವರೇ ಬರೆದುಕೊಂಡರು ಎಂದು ಚಿಕ್ಕವಳು ಆಣೆ ಮಾಡಿದಳು. ನಿಜವೇ ಇರಬಹುದು. ದೊಡ್ಡವಳು ಪತ್ರಿಕೆ ಮಡಚಿ ಸೊಂಟಕ್ಕೆ ಸಿಕ್ಕಿಸಿಕೊಂಡಳು. ಕತ್ತೆಗಳನ್ನು ಕಟ್ಟಿ ಮೆಟ್ಟಿಲು ಹತ್ತಿದಳು.

ಪತ್ರಿಕೆಯ ಕಚೇರಿ ಚೌಕದ ಆಚೆ, ಒಂದು ಮಹಡಿ ಮೇಲೆ. ಅವಳು ಅಲ್ಲಿಗೆ ಇಟ್ಟಿಗೆ ಹೊತ್ತಿದ್ದಳು, ಒಳಗೆ ಹೋಗಿರಲಿಲ್ಲ. ಮರಳಿನ ಕಾಲಲ್ಲೇ ಒಳಗೆ ಹೋದಳು. ಕನ್ನಡಕದ ವರದಿಗಾರನೊಬ್ಬ ತಲೆ ಎತ್ತಿ, ಏನಮ್ಮ, ಸಾಮಾನು ಕೆಳಗೆ ಇಡು ಅಂದ. ಅವಳು ಅವನ ಎದುರಿನ ಕುರ್ಚಿ ಎಳೆದು ಕೂತಳು. ಮೇಲಿನ ಊರಿನಲ್ಲಿ ಕುರ್ಚಿಯ ಮೇಲೆ ಕೂತದ್ದು ಅದೇ ಮೊದಲು. ಪತ್ರಿಕೆ ಬಿಚ್ಚಿ ಮೇಜಿನ ಮೇಲೆ ಹರಡಿದಳು.

"ಇದು ತಪ್ಪಾಗಿದೆ. ಬೇರೆ ಬರಿ," ಅಂದಳು.

ಏನು ತಪ್ಪು ಎಂದು ಅವನು ಕೇಳಿದ. ಅವಳು ಹೇಳಿದಳು. ಆ ದಿನದ ಬೆಳಿಗ್ಗೆ ಏಳು ಗಂಟೆಯಿಂದ, ಬುಡದ ಮೆಟ್ಟಿಲಿನಿಂದ, ಒಂದನ್ನೂ ಬಿಡದೆ ಹೇಳಿದಳು. ಚರಂಡಿ ದಾರಿಯನ್ನೂ ಬೂದಿಯ ಮಂಡಿಯನ್ನೂ ಹೇಳಿದಳು. ಅವನು ಮೊದಲು ಗಡಿಯಾರ ನೋಡಿದ, ಆಮೇಲೆ ಪೆನ್ನು ತೆಗೆದ. ಬರೆದು ಮುಗಿಸಿದ ಮೇಲೆ ಅವಳು, ಓದು ಅಂದಳು. ಅವನು ಓದಿದ. ಸಾಲಿನ ಮುಂದೆ ಇದ್ದವಳು ಕತ್ತೆ ಹೊಡೆಯುವ ಅಕ್ಕ, ಕಲಾವಿದೆ ತಂಗಿ ಅವಳ ಹಿಂದೆ ಇದ್ದಳು ಎಂದು ಬರೆದಿದ್ದ.

"ಮೂರು ಮೆಟ್ಟಿಲು ಹಿಂದೆ," ಅಂದಳು ದೊಡ್ಡವಳು.

"ಹಿಂದೆ ಅಂದರೆ ಸಾಕಲ್ವಾ? ಮೂರು ಅಂತ ಬೇರೆ ಬೇಕಾ?"

"ಬೇಕು," ಅಂದಳು. "ನಾಲ್ಕಲ್ಲ, ಎರಡಲ್ಲ. ಮೂರು. ಬರಿ."

ಅವನು ಬರೆಯುವವರೆಗೂ ಅವಳು ಕುರ್ಚಿ ಬಿಟ್ಟು ಏಳಲಿಲ್ಲ.